ನೆಲ ಕೊಟ್ಟವರ ಋಣ

ಬೆಳಗಾವಿ ಜಿಲ್ಲೆಯ ಕಲ್ಲೋಳಿಯಲ್ಲಿ ರಟ್ಟ ಅರಸರ ಕಾಲದ ಶಾಸನವೊಂದು ದೊರೆತಿದೆ. ಹದಿಮೂರನೆಯ ಶತಮಾನದ ಆರಂಭದಲ್ಲಿ ಬಸದಿಗೆ ಭೂಮಿಯನ್ನು ದಾನವಿತ್ತ ಸಂಗತಿಯನ್ನು ಅದು ತಿಳಿಸುತ್ತದೆ. ನೆಲ ಕೊಟ್ಟವರನ್ನು ಮರೆಯಬಾರದೆಂದು ಹಿಂದಿನವರು ಕಲ್ಲಿನಲ್ಲಿ ಕೊರೆಸಿದರು. ನಮ್ಮ ಕಾಲದಲ್ಲಿ ನೆಲ ಕೊಟ್ಟವರನ್ನು ನಾವು ಹೇಗೆ ನೆನೆಯುತ್ತಿದ್ದೇವೆ?

ಇದೇ ಸೀಮೆಯಲ್ಲಿ ಹರಿಯುವ ಘಟಪ್ರಭಾ ನದಿಗೆ ಹುಕ್ಕೇರಿ ತಾಲೂಕಿನ ಹಿಡಕಲ್ಲಿನಲ್ಲಿ ಕಟ್ಟಿದ ಅಣೆಕಟ್ಟು 1977ರಲ್ಲಿ ಪೂರ್ಣಗೊಂಡಿತು. ಸುಮಾರು 51 ಟಿ.ಎಂ.ಸಿ. ನೀರನ್ನು ಹಿಡಿದಿಡಬಲ್ಲ ಈ ಜಲಾಶಯವು ಬೆಳಗಾವಿ, ಬಾಗಲಕೋಟೆ ಜಿಲ್ಲೆಗಳ ಹೊಲಗಳಿಗೆ ಹಸುರನ್ನು ತಂದಿತು. ಗೋಕಾಕ, ಮೂಡಲಗಿ ಭಾಗದಲ್ಲಿ ಕಬ್ಬು ತೂಗಾಡುತ್ತಿದೆ. ಆದರೆ ನೀರು ನಿಲ್ಲಲು ನೆಲ ಬೇಕು. ಆ ನೆಲದಲ್ಲಿ ಊರುಗಳಿದ್ದವು. ಬೇಸಿಗೆಯಲ್ಲಿ ನೀರು ತೀರ ಇಳಿದಾಗ ಮೇಲೆ ಕಾಣಿಸಿಕೊಳ್ಳುವ ಹುನ್ನೂರಿನ ವಿಠ್ಠಲ ದೇವಾಲಯವು ಅದಕ್ಕೆ ಸಾಕ್ಷಿ.

ಸಾರ್ವಜನಿಕ ಕಾರ್ಯಕ್ಕಾಗಿ ಸರಕಾರವು ಭೂಮಿಯನ್ನು ಸ್ವಾಧೀನಪಡಿಸಿಕೊಳ್ಳುವುದು ತಪ್ಪಲ್ಲ. ಒಬ್ಬನ ಹಟದಿಂದ ಸಾವಿರ ಹೊಲಗಳು ಒಣಗಬಾರದು. ಆದರೆ ಹಲವರ ಸುಖಕ್ಕಾಗಿ ಕೆಲವರು ಕಳೆದುಕೊಂಡುದನ್ನು ತುಂಬಿಕೊಡುವ ಹೊಣೆ ಆ ಹಲವರ ಮೇಲಿದೆ.

1894ರ ಭೂಸ್ವಾಧೀನ ಕಾಯಿದೆಯು ಅಧಿಸೂಚನೆ ಹೊರಟ ದಿನದ ಮಾರುಕಟ್ಟೆ ಬೆಲೆಯನ್ನು ಪರಿಹಾರಕ್ಕೆ ಆಧಾರವಾಗಿ ಹಿಡಿಯುತ್ತಿತ್ತು. ಆ ಬೆಲೆಯನ್ನು ತಿಳಿಯಲು ಖರೀದಿ ಪತ್ರಗಳನ್ನು ನೋಡುತ್ತಿದ್ದರು. ನೋಂದಣಿಯ ಖರ್ಚು ಉಳಿಸಲು ಪತ್ರಗಳಲ್ಲಿ ಕಡಿಮೆ ಬೆಲೆ ಬರೆಸುವ ರೂಢಿಯಿದ್ದುದರಿಂದ ಪರಿಹಾರವೂ ಕಡಿಮೆಯಾಗುತ್ತಿತ್ತು. ಇನ್ನೊಂದು ತೊಡಕು ಇದಕ್ಕಿಂತ ದೊಡ್ಡದು. ಕಾಲುವೆ ಬರುವುದೆಂದರೆ ಸಾಕು, ಕೆಳಗಿನ ಹೊಲಗಳ ಬೆಲೆ ಏರುತ್ತದೆ. ಮುಳುಗಡೆಯ ರೈತನು ಹಳೆಯ ದರದ ಹಣದಿಂದ ಅಲ್ಲಿ ಎಕರೆಗೆ ಎಕರೆ ಕೊಳ್ಳಲಾರನು. ಅವನು ಬಿಟ್ಟುಕೊಟ್ಟ ನೆಲದಿಂದಲೇ ಏರಿದ ಬೆಲೆಯು ಅವನಿಗೇ ಅಡ್ಡವಾಗುತ್ತದೆ. ಸ್ವಂತ ಹೊಲವಿಲ್ಲದ ಕೂಲಿಕಾರನಿಗಂತೂ ಕಳೆದುಹೋದ ದುಡಿಮೆಗೆ ಬೆಲೆ ಕಟ್ಟುವವರೇ ಇರಲಿಲ್ಲ.

ಕಾಯಿದೆಯು ಮೆಲ್ಲಮೆಲ್ಲನೆ ಸುಧಾರಿಸಿತು. ಒತ್ತಾಯದ ಸ್ವಾಧೀನಕ್ಕಾಗಿ ಬೆಲೆಯ ಮೇಲೆ ಕೊಡುವ ಹೆಚ್ಚಿನ ಹಣವು 1984ರಲ್ಲಿ ಶೇಕಡ 15ರಿಂದ 30ಕ್ಕೆ ಏರಿತು. 2013ರ ಹೊಸ ಕಾಯಿದೆಯು 2014ರ ಜನವರಿ 1ರಂದು ಜಾರಿಗೆ ಬಂದಿತು. ಅದರಂತೆ ಹಳ್ಳಿಯ ಜಮೀನಿಗೆ ಮಾರುಕಟ್ಟೆ ಬೆಲೆಯ ನಾಲ್ಕು ಪಟ್ಟಿನವರೆಗೂ ಪರಿಹಾರ ದೊರೆಯಬಹುದು. ಕೂಲಿಕಾರರ ಕುಟುಂಬಗಳೂ ಪುನರ್ವಸತಿಗೆ ಅರ್ಹವಾದವು. ನೀರಾವರಿ ಯೋಜನೆಯಲ್ಲಿ ಹೊಲ ಕಳೆದುಕೊಂಡ ಕುಟುಂಬಕ್ಕೆ, ಸಾಧ್ಯವಾದ ಮಟ್ಟಿಗೆ, ಪರಿಹಾರದ ಹಣದ ಬದಲು ನೀರುಣ್ಣುವ ಪ್ರದೇಶದಲ್ಲೇ ಕನಿಷ್ಠ ಒಂದು ಎಕರೆ ಭೂಮಿ ಕೊಡಬೇಕೆಂದು ಅದು ಹೇಳುತ್ತದೆ.

ಇದೇ ನಿಜವಾದ ನ್ಯಾಯದ ದಾರಿ. ಹಣವು ಮದುವೆ, ಸಾಲ, ಕಾಯಿಲೆಗಳಲ್ಲಿ ಕರಗಬಹುದು. ಹೊಲವು ಮಕ್ಕಳ ಕಾಲಕ್ಕೂ ಉಳಿಯುತ್ತದೆ. ಆದುದರಿಂದ ‘ಸಾಧ್ಯವಾದ ಮಟ್ಟಿಗೆ’ ಎಂಬ ಮಾತು ತಪ್ಪಿಸಿಕೊಳ್ಳುವ ದಾರಿಯಾಗಬಾರದು. ನೀರು ಪಡೆದ ಊರುಗಳು ನೆಲ ಕೊಟ್ಟವರಿಗೆ ತಮ್ಮಲ್ಲಿ ಸ್ಥಳ ಮಾಡಿಕೊಡಬೇಕು. ಕಾಲುವೆಯ ನೀರು ಹೊಲಕ್ಕೆ ಬಂದಾಗ, ಆ ನೀರು ಯಾರ ಅಂಗಳದ ಮೇಲೆ ನಿಂತು ಬಂದಿತೆಂಬುದನ್ನು ನೆನೆಯುವವನೇ ಒಳ್ಳೆಯ ನಾಗರಿಕನು.