ಆಟದ ಪದಕವೂ ಪಾಠದ ಅಂಕವೂ

ನಮ್ಮ ಹಾವೇರಿ, ರಾಣೇಬೆನ್ನೂರು, ಬ್ಯಾಡಗಿ ಸೀಮೆಯ ಹೆಣ್ಣುಮಕ್ಕಳು ಕಬಡ್ಡಿ, ಖೋಖೋ, ಓಟಗಳಲ್ಲಿ ತಾಲೂಕು, ಜಿಲ್ಲೆಗಳ ಮಟ್ಟವನ್ನು ದಾಟಿ ಮುನ್ನಡೆಯುವುದು ಯಾರಿಗೆ ತಾನೆ ಸಂತೋಷದ ಸಂಗತಿಯಲ್ಲ? ಆದರೆ ಈ ಸಂತೋಷದ ಬೆನ್ನಿಗೇ ಒಂದು ಬೇಡಿಕೆಯೂ ಶಾಲೆಯ ಬಾಗಿಲಿಗೆ ಬರುವುದುಂಟು: “ಹುಡುಗಿ ಶಾಲೆಯ ಹೆಸರಿಗಾಗಿ ಆಡಿದ್ದಾಳೆ; ತಪ್ಪಿದ ಪಾಠಕ್ಕೆ ನೀವೇ ಅಂಕ ಹಾಕಿ ಸರಿದೂಗಿಸಿರಿ.” ಪಾಲಕರ ಈ ಮಾತು ಮಮತೆಯಿಂದ ಹುಟ್ಟಿದ್ದು. ಆದರೂ ಇದಕ್ಕೆ ಒಪ್ಪಲಾಗದೆಂಬುದು ನನ್ನ ದೃಢವಾದ ಅಭಿಪ್ರಾಯ.

ಎಸ್.ಎಸ್.ಎಲ್.ಸಿ.ಯ 625 ಅಂಕಗಳಲ್ಲಿ 125 ಅಂಕಗಳು ಆಂತರಿಕ ಮೌಲ್ಯಮಾಪನದವು. ಅವು ಶಾಲೆಯ ಪ್ರಾಮಾಣಿಕತೆಯನ್ನು ನಂಬಿ ಬಿಟ್ಟಿರುವವು. ಬರೆಯದ ಪರೀಕ್ಷೆಗೆ ಅಲ್ಲಿ ಅಂಕ ತುಂಬುವುದು ಕಷ್ಟದ ಕೆಲಸವಲ್ಲ. ಒಣಮೆಣಸಿನಕಾಯಿಗೆ ನೀರು ಚಿಮುಕಿಸಿದರೆ ಆ ದಿನದ ಮಟ್ಟಿಗೆ ತೂಕ ಹೆಚ್ಚೀತು. ಆಮೇಲೆ ಚೀಲದೊಳಗೆ ಬೂಷ್ಟು ಹಿಡಿಯುವುದು ತಪ್ಪದು. ಬ್ಯಾಡಗಿಯ ಪೇಟೆಯನ್ನು ಬಲ್ಲವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಈ ಚಾಳಿ ಬೆಳೆದರೆ ಎಲ್ಲಿಗೆ ಮುಟ್ಟುವುದೆಂಬುದಕ್ಕೆ ಅಮೇರಿಕೆಯ ನಾರ್ಥ್ ಕೆರೊಲೈನಾ ವಿಶ್ವವಿದ್ಯಾಲಯವೇ ಸಾಕ್ಷಿ. 2014ರಲ್ಲಿ ಪ್ರಕಟವಾದ ವಿಚಾರಣಾ ವರದಿಯಂತೆ, ಅಲ್ಲಿಯ ಒಂದು ವಿಭಾಗದಲ್ಲಿ 1993ರಿಂದ 2011ರ ವರೆಗೆ ಹೆಸರಿಗೆ ಮಾತ್ರದ ತರಗತಿಗಳು ನಡೆದವು. ಪಾಠವಿಲ್ಲ, ಹಾಜರಿಯಿಲ್ಲ; ಒಂದು ಪ್ರಬಂಧವನ್ನು ಒಪ್ಪಿಸಿದರೆ ಕಚೇರಿಯ ಸಿಬ್ಬಂದಿಯೇ ಧಾರಾಳವಾಗಿ ಅಂಕ ಕೊಡುತ್ತಿದ್ದರು. ಹೀಗೆ ತೇರ್ಗಡೆಯಾದವರು 3,100ಕ್ಕೂ ಹೆಚ್ಚು; ಅವರಲ್ಲಿ ಸುಮಾರು ಅರ್ಧದಷ್ಟು ಮಂದಿ ಕ್ರೀಡಾಪಟುಗಳು. ಆಟದ ಕೀರ್ತಿ ವಿದ್ಯಾಲಯಕ್ಕೆ ಸಂದಿತು. ವಿದ್ಯೆ ಮಾತ್ರ ಆಟಗಾರರಿಗೆ ಸಲ್ಲಲಿಲ್ಲ.

ನಮ್ಮ ನಾಡಿನಲ್ಲಿ ಇದಕ್ಕಿಂತ ಒಳ್ಳೆಯ ಮಾದರಿಗಳುಂಟು. ಅನಿಲ ಕುಂಬ್ಳೆಯವರು 1990ರಲ್ಲಿ ದೇಶದ ಪರವಾಗಿ ಆಡಲಾರಂಭಿಸಿದ ಮೇಲೆಯೂ ಓದನ್ನು ಬಿಡದೆ ಬೆಂಗಳೂರಿನ ಆರ್.ವಿ. ಕಾಲೇಜಿನಿಂದ ಇಂಜಿನಿಯರಿಂಗ್ ಪದವಿ ಪಡೆದರು. 2017ರ ಜನವರಿಯಲ್ಲಿ ಬೆಂಗಳೂರು ವಿಶ್ವವಿದ್ಯಾಲಯವು ಗೌರವ ಡಾಕ್ಟರೇಟ್ ಕೊಡಲು ಮುಂದಾದಾಗ, ರಾಹುಲ್ ದ್ರಾವಿಡರು ಅದನ್ನು ವಿನಯದಿಂದ ಬೇಡವೆಂದು, ಕ್ರೀಡಾವಿಷಯದಲ್ಲಿ ಸಂಶೋಧನೆ ಮಾಡಿಯೇ ಆ ಪದವಿಯನ್ನು ಸಂಪಾದಿಸಲು ಬಯಸುವುದಾಗಿ ತಿಳಿಸಿದರು. ಗೌರವ ಪದವಿಯನ್ನು ಸ್ವೀಕರಿಸುವುದು ತಪ್ಪೇನಲ್ಲ. ಆದರೆ ಗಳಿಸಿದ್ದಕ್ಕೂ ಕೊಟ್ಟದ್ದಕ್ಕೂ ಇರುವ ಅಂತರವನ್ನು ಅವರು ಎಷ್ಟು ಚೆನ್ನಾಗಿ ಅರಿತಿದ್ದರು!

ಹಾಗಾದರೆ ಆಡುವ ಹುಡುಗಿಯನ್ನು ಶಿಕ್ಷಿಸಬೇಕೆ? ಎಂದಿಗೂ ಕೂಡದು. ಅವಳಿಗೆ ಸಲ್ಲಬೇಕಾದದ್ದು ಬಿಟ್ಟಿ ಅಂಕವಲ್ಲ, ಸಮಯ. ಪಂದ್ಯದಿಂದ ಹಿಂದಿರುಗಿದವಳಿಗೆ ತಪ್ಪಿದ ಪಾಠಗಳನ್ನು ಬೇರೆ ವೇಳೆಯಲ್ಲಿ ಕಲಿಸಿ, ಬೇರೊಂದು ದಿನ ಪರೀಕ್ಷೆ ನಡೆಸಿ, ಅವಳು ಗಳಿಸಿದಷ್ಟನ್ನೇ ಬರೆಯುವುದು ಶಿಕ್ಷಕಿಯರ ಕರ್ತವ್ಯ. ಆ ದಿನಗಳಲ್ಲಿ ನೀರು, ಕಸ, ಅಡಿಗೆಗಳ ಹೊರೆಯನ್ನು ಅವಳ ಮೇಲಿಂದ ಇಳಿಸುವುದು ಮನೆಯವರ ಕರ್ತವ್ಯ. ಸಮೀಪದಲ್ಲಿರುವ ಪೂರ್ವ ವಿದ್ಯಾರ್ಥಿನಿಯರು ಸಂಜೆ ಒಂದು ತಾಸು ಬಂದು ಗಣಿತವನ್ನೋ ಇಂಗ್ಲಿಷನ್ನೋ ಹೇಳಿಕೊಟ್ಟರೆ, ಅದು ಕಪಾಟಿನೊಳಗಿನ ಬೆಳ್ಳಿಯ ಬಟ್ಟಲಿಗಿಂತ ದೊಡ್ಡ ಕಾಣಿಕೆಯಾದೀತು.

ಮೊಣಕಾಲಿಗೆ ಪೆಟ್ಟು ಬಿದ್ದರೆ ಆಟ ನಿಲ್ಲುವುದು. ಮದುವೆಯ ಮರುದಿನದಿಂದಲೇ ಎಷ್ಟೋ ಹೆಣ್ಣುಮಕ್ಕಳ ಆಟ ನಿಂತುಹೋಗುವುದುಂಟು. ಆಗ ಅವಳ ಕೈಯಲ್ಲಿ ಉಳಿಯುವುದು ನಿಜವಾಗಿ ಕಲಿತ ಅಕ್ಷರ, ನಿಜವಾಗಿ ಬಂದ ಲೆಕ್ಕ. ಸುಳ್ಳು ಅಂಕ ಕೊಟ್ಟವರು ಆ ದಿನ ಅವಳ ಜೊತೆಗೆ ಇರಲಾರರು. ಆದಕಾರಣ ಪಾಲಕರು ಇನ್ನು ಮುಂದೆ ನಮ್ಮಲ್ಲಿ ಅಂಕವನ್ನು ಕೇಳದೆ ಪಾಠವನ್ನು ಕೇಳಬೇಕೆಂದು ನನ್ನ ಬಿನ್ನಹ. ಅದನ್ನು ಕೊಡಲು ನಾವು ಹೊಣೆಗಾರರು.