ಪ್ಯಾಸೆಂಜರ್ ಗಾಡಿ ಅಂದವರಿಗೆ

ಐಪಿಎಲ್ ಶುರುವಾದರೆ ಸಾಕು, ನಮ್ಮ ಆಫೀಸಿನ ವಾಟ್ಸ್ಯಾಪ್ ಗುಂಪಿನಲ್ಲಿ ಯಾರಾದರೊಬ್ಬರು ಆ ಸ್ಕೋರ್‌ಕಾರ್ಡಿನ ಸ್ಕ್ರೀನ್‌ಶಾಟ್ ಹಾಕೇ ಹಾಕುತ್ತಾರೆ. ಆರ್. ವಿನಯ್ ಕುಮಾರ್, 9 ಓವರ್, 102 ರನ್, 1 ವಿಕೆಟ್. ಅದರ ಕೆಳಗೆ ಸಾಲಾಗಿ ನಗುವ ಮುಖಗಳು. ಆಮೇಲೆ ಅದೇ ಹಳೇ ಜೋಕು: ದಾವಣಗೆರೆ ಎಕ್ಸ್‌ಪ್ರೆಸ್ ಅಲ್ಲ, ದಾವಣಗೆರೆ ಪ್ಯಾಸೆಂಜರ್.

ನಾನು ಹೊಳಲಿನವನು. ಮಂಡ್ಯದ ಹೊಳಲು ಅಲ್ಲ, ಹೂವಿನ ಹಡಗಲಿ ತಾಲ್ಲೂಕಿನದು. ನಮ್ಮದು ಆಗ ಬಳ್ಳಾರಿ ಜಿಲ್ಲೆ, ಈಗ ವಿಜಯನಗರ ಜಿಲ್ಲೆ. ಪಕ್ಕದ ಹರಪನಹಳ್ಳಿ 1997ರಿಂದ 2018ರವರೆಗೆ ದಾವಣಗೆರೆ ಜಿಲ್ಲೆಗೇ ಸೇರಿತ್ತು. ಕಾಗದದ ಮೇಲೆ ಜಿಲ್ಲೆ ಯಾವುದಾದರೂ ಇರಲಿ, ನಮ್ಮ ಕಡೆಯವರಿಗೆ ದೊಡ್ಡಾಸ್ಪತ್ರೆ ಅಂದ್ರೆ ದಾವಣಗೆರೆ, ಮದುವೆ ಜವಳಿ ಅಂದ್ರೆ ದಾವಣಗೆರೆ. ಅಲ್ಲಿನ ಆಟೋ ಡ್ರೈವರೊಬ್ಬರ ಮಗ ಭಾರತದ ಟೋಪಿ ಹಾಕಿಕೊಂಡಾಗ ನಮ್ಮೂರಿನ ಹುಡುಗರು ಅವನನ್ನು ತಮ್ಮವನೇ ಅಂದುಕೊಂಡರು. ಹೀಗಾಗಿ ಈ ಜೋಕು ನನಗೆ ಸ್ವಲ್ಪ ಜಾಸ್ತಿಯೇ ಚುಚ್ಚುತ್ತೆ, ಒಪ್ಪುತ್ತೇನೆ. ಆದರೆ ನನ್ನ ತಕರಾರು ಊರ ಅಭಿಮಾನದ್ದಲ್ಲ. ಆ ಸ್ಕ್ರೀನ್‌ಶಾಟ್ ಲೆಕ್ಕವಾಗಿಯೂ ತಪ್ಪು.

ಮೊದಲು ಆ ದಿನವನ್ನೇ ನೋಡೋಣ. 2013ರ ನವೆಂಬರ್ 2, ಚಿನ್ನಸ್ವಾಮಿ ಕ್ರೀಡಾಂಗಣ, ಎದುರಾಳಿ ಆಸ್ಟ್ರೇಲಿಯಾ. ರೋಹಿತ್ ಶರ್ಮಾ 209 ಹೊಡೆದ ಪಂದ್ಯ. ಭಾರತ 383, ಆಸ್ಟ್ರೇಲಿಯಾ 326. ಎರಡೂ ಕಡೆ ಸೇರಿ 38 ಸಿಕ್ಸರ್. ಹಿಂದಿನ ಎರಡು ವರ್ಷಗಳಲ್ಲಷ್ಟೇ ನಿಯಮಗಳು ಬದಲಾಗಿದ್ದವು: ವೃತ್ತದ ಹೊರಗೆ ನಾಲ್ಕೇ ಜನ ಫೀಲ್ಡರ್, ಎರಡೂ ತುದಿಯಿಂದ ಒಂದೊಂದು ಹೊಸ ಚೆಂಡು. ಮೈದಾನ ಚಿಕ್ಕದು, ಪಿಚ್ಚು ಸಿಮೆಂಟ್ ರಸ್ತೆ. ಅದೇ ಸರಣಿಯಲ್ಲಿ ಭಾರತ ಜೈಪುರದಲ್ಲಿ 360ರ ಗುರಿಯನ್ನೂ ನಾಗಪುರದಲ್ಲಿ 351ರ ಗುರಿಯನ್ನೂ ಮುಟ್ಟಿತ್ತು. ಬೌಲರ್‌ಗಳನ್ನು ಸಾಲಾಗಿ ನಿಲ್ಲಿಸಿ ಬಾರಿಸಿದ ಸರಣಿ ಅದು. ಕೊನೆಗೆ ಆ ಪಂದ್ಯವನ್ನು ಭಾರತ 57 ರನ್ನುಗಳಿಂದ ಗೆದ್ದಿತು, ಸರಣಿಯನ್ನೂ ಗೆದ್ದಿತು. ವಿನಯ್ ಕುಮಾರ್ ಮಾತ್ರ ಮತ್ತೆಂದೂ ಭಾರತದ ಪರ ಏಕದಿನ ಪಂದ್ಯ ಆಡಲಿಲ್ಲ.

ಅದಕ್ಕೆ ಎರಡು ವಾರ ಮೊದಲು, ಅದೇ ಸರಣಿ, ಮೊಹಾಲಿ. ಇಶಾಂತ್ ಶರ್ಮಾ ಒಂದೇ ಓವರಿನಲ್ಲಿ 30 ರನ್ ಕೊಟ್ಟು ಕೈಯಲ್ಲಿದ್ದ ಪಂದ್ಯ ಹೋಯಿತು. ಜನ ಇಶಾಂತ್‌ರನ್ನೂ ಬಿಡಲಿಲ್ಲ, ಚೆನ್ನಾಗಿಯೇ ಆಡಿಕೊಂಡರು. ಆದರೆ ಅವರಿಗೆ ಮತ್ತೆ ಏಕದಿನದ ಅವಕಾಶ ಸಿಕ್ಕಿತು, ಟೆಸ್ಟ್ ಸಿಕ್ಕಿತು, ಕೊನೆಗೆ ನೂರು ಟೆಸ್ಟ್ ದಾಟಿದರು. ಒಳ್ಳೆಯದೇ ಆಯಿತು, ಇಶಾಂತ್ ದೊಡ್ಡ ಬೌಲರ್. ನನ್ನ ಪ್ರಶ್ನೆ ಇಷ್ಟೇ. ಒಂದು ಕೆಟ್ಟ ದಿನವನ್ನು ಮರೆಯುವ ಔದಾರ್ಯ ಆರಡಿ ನಾಲ್ಕಿಂಚು ಎತ್ತರದವನಿಗೆ ಇದೆ, ನಮ್ಮವನಿಗೆ ಯಾಕಿಲ್ಲ?

ಟೆಸ್ಟಿನ ಕತೆ ಇನ್ನೂ ಚಿಕ್ಕದು. 2012ರ ಜನವರಿ, ಪರ್ತ್. ಭಾರತ ಮೊದಲ ಇನಿಂಗ್ಸಿನಲ್ಲಿ 161ಕ್ಕೆ ಗಂಟುಮೂಟೆ ಕಟ್ಟಿತು. ಡೇವಿಡ್ ವಾರ್ನರ್ 180 ಚಚ್ಚಿದರು. ವಿನಯ್‌ಗೆ 13 ಓವರ್, ಒಂದು ವಿಕೆಟ್, ಅದು ಮೈಕ್ ಹಸ್ಸಿಯದು. ಎರಡನೇ ಇನಿಂಗ್ಸಿನಲ್ಲಿ ಬೌಲ್ ಮಾಡುವ ಪ್ರಸಂಗವೇ ಬರಲಿಲ್ಲ, ಭಾರತ ಇನಿಂಗ್ಸ್ ಮತ್ತು 37 ರನ್ನುಗಳಿಂದ ಸೋತಿತ್ತು. ಮೂರೇ ದಿನದಲ್ಲಿ ಮುಗಿದ ಪಂದ್ಯ. ಅಲ್ಲಿಗೆ ಟೆಸ್ಟ್ ಜೀವನವೂ ಮುಗಿಯಿತು. ಹದಿಮೂರು ಓವರಿನಲ್ಲಿ ಒಬ್ಬ ಬೌಲರನ್ನು ಅಳೆಯುವುದಾದರೆ ನಮ್ಮ ಪ್ರೊಬೇಷನ್ ಅವಧಿಯನ್ನೂ ಒಂದು ಮಧ್ಯಾಹ್ನಕ್ಕೆ ಇಳಿಸಬಹುದು.

ಈಗ ನೀವು ನೋಡದ ಕಡೆಗೆ ಬರೋಣ. ರಣಜಿಯನ್ನು ನೋಡುವವರು ಯಾರು ಹೇಳಿ? ಡಿಸೆಂಬರಿನ ಚಳಿಯಲ್ಲಿ ಬೆಳಿಗ್ಗೆ ಒಂಬತ್ತೂವರೆಗೆ ಖಾಲಿ ಗ್ಯಾಲರಿ, ನಾಲ್ಕು ಜನ ನಿವೃತ್ತ ಬ್ಯಾಂಕ್ ನೌಕರರು, ಒಂದು ನಾಯಿ. ಅಲ್ಲಿ ಹೊಸ ಎಸ್‌ಜಿ ಚೆಂಡು ಹಿಡಿದು ಒಬ್ಬ ಬೌಲರ್ ಓಡಿ ಬರುತ್ತಾನೆ. ದಾರದ ಹೊಲಿಗೆ ನೆಟ್ಟಗೆ, ಬೀಳುವ ಜಾಗ ಅದೇ, ಆಫ್ ಸ್ಟಂಪಿನ ಆಚೆ ಒಂದು ಗೇಣು. ಒಂದು ಚೆಂಡು ಹೊರಗೆ ಹೋಗುತ್ತೆ, ಇನ್ನೊಂದು ಹೊರಗೆ ಹೋಗುತ್ತೆ, ಮೂರನೆಯದು ಹೋಗುವುದಿಲ್ಲ. ಬ್ಯಾಟ್ಸ್‌ಮನ್ ತಿರುಗಿ ಸ್ಟಂಪ್ ನೋಡುತ್ತಾನೆ. ಟಿವಿಯಲ್ಲಿ ಇಲ್ಲ, ರೀಲ್ಸಿನಲ್ಲಿ ಇಲ್ಲ. 2004ರಿಂದ 2021ರವರೆಗೆ ವಿನಯ್ ಇದೇ ಕೆಲಸ ಮಾಡಿದರು. ಪ್ರಥಮ ದರ್ಜೆಯಲ್ಲಿ 139 ಪಂದ್ಯ, 504 ವಿಕೆಟ್. ಅದರಲ್ಲಿ ರಣಜಿಯವೇ 442. ನಿವೃತ್ತಿಯ ಹೊತ್ತಿಗೆ ರಣಜಿ ಇತಿಹಾಸದಲ್ಲಿ ಅಷ್ಟು ವಿಕೆಟ್ ತೆಗೆದ ಇನ್ನೊಬ್ಬ ವೇಗದ ಬೌಲರ್ ಇರಲಿಲ್ಲ. ಮೇಲಿರುವ ಹೆಸರುಗಳೆಲ್ಲ ಸ್ಪಿನ್ನರ್‌ಗಳದ್ದು. ಈ ದೇಶದ ಸತ್ತ ಪಿಚ್ಚುಗಳ ಮೇಲೆ ವೇಗದ ಬೌಲರ್ ಒಬ್ಬ ಹದಿನೇಳು ಋತು ಸೊಂಟ, ಮಂಡಿ ಉಳಿಸಿಕೊಂಡು ಆಡುವುದೇ ಒಂದು ಪವಾಡ.

ಅಂಕಿಗಿಂತ ದೊಡ್ಡದು ಕಪ್ಪಿನ ವಿಚಾರ. 1998-99ರಲ್ಲಿ ರಣಜಿ ಗೆದ್ದ ಮೇಲೆ ಕರ್ನಾಟಕ ಹದಿನೈದು ವರ್ಷ ಬರಿಗೈಲಿತ್ತು. 2010ರ ಜನವರಿಯಲ್ಲಿ ಮೈಸೂರಿನ ಫೈನಲ್ ನೆನಪಿದೆಯಾ? ಮುಂಬೈ ವಿರುದ್ಧ 6 ರನ್ನಿನ ಸೋಲು. ಗಂಗೋತ್ರಿ ಗ್ಲೇಡ್ಸ್ ಮೈದಾನಕ್ಕೆ ಅಷ್ಟು ಜನ ಬಂದಿದ್ದರು, ಎಲ್ಲ ಗೋಳಾಡಿಕೊಂಡು ಮನೆಗೆ ಹೋದರು. ಆ ಗೋಳು ನೀಗಿಸಿದ ನಾಯಕ ಯಾರು? 2013-14ರಲ್ಲಿ ರಣಜಿ, ಇರಾನಿ, ವಿಜಯ್ ಹಜಾರೆ, ಮೂರೂ ಕರ್ನಾಟಕಕ್ಕೆ. ಮರುವರ್ಷ ಮತ್ತೆ ಅವೇ ಮೂರು. ಎರಡು ಋತು, ಆರು ಕಪ್. ಕೆ.ಎಲ್. ರಾಹುಲ್, ಕರುಣ್ ನಾಯರ್, ಮನೀಶ್ ಪಾಂಡೆ ಎಲ್ಲ ಬೆಳೆದದ್ದು ಆ ತಂಡದಲ್ಲಿ. ಬ್ಯಾಟ್ಸ್‌ಮನ್‌ಗಳಿಗೆ ಒಂದೊಂದಾಗಿ ಮೇಲಿನಿಂದ ಕರೆ ಬಂತು, ಅವರು ಹೋದರು. ವಿನಯ್, ಮಿಥುನ್, ಅರವಿಂದ್, ಈ ಮೂವರು ವೇಗಿಗಳು ಮಾತ್ರ ಆಗೊಮ್ಮೆ ಈಗೊಮ್ಮೆ ಮೇಲೆ ಹೋಗಿ ಬಂದು ಮತ್ತೆ ಇಲ್ಲೇ ಚೆಂಡು ಉಜ್ಜುತ್ತಾ ನಿಂತರು.

2015ರ ಮಾರ್ಚಿನ ವಾಂಖೆಡೆ ಫೈನಲ್ಲನ್ನು ನಾನು ಎಷ್ಟು ಸಲ ಹೇಳಿದರೂ ಸಾಲದು. ಎದುರಾಳಿ ತಮಿಳುನಾಡು. ಮೊದಲ ದಿನವೇ ಅವರು 134ಕ್ಕೆ ಆಲೌಟ್. ವಿನಯ್‌ಗೆ 34 ರನ್ನಿಗೆ 5. ಆಮೇಲೆ ನಮ್ಮವರೂ 84ಕ್ಕೆ 5 ಅಂತ ಕುಸಿದು, ಕರುಣ್ 328 ಮತ್ತು ರಾಹುಲ್ 188 ಹೊಡೆದು ಎತ್ತಿ ನಿಲ್ಲಿಸಿದರು. ಕೆಳಗೆ ಬಂದ ನಾಯಕ ಔಟಾಗದೆ 105. ಒಟ್ಟು 762, ಇನಿಂಗ್ಸ್ ಮತ್ತು 217 ರನ್ನುಗಳ ಗೆಲುವು. ಫೈನಲ್ಲಿನಲ್ಲಿ ಐದು ವಿಕೆಟ್ಟೂ ತೆಗೆದು ಶತಕವನ್ನೂ ಹೊಡೆದ ನಾಯಕ! ಇದರ ಸ್ಕ್ರೀನ್‌ಶಾಟ್ ಇದುವರೆಗೆ ನನಗೆ ಒಬ್ಬರೂ ಕಳಿಸಿಲ್ಲ.

ಗೊತ್ತು, ನೀವೇನು ಹೇಳ್ತೀರ ಅಂತ ಗೊತ್ತು. ‘ಎಲ್ಲಾ ಸರಿ ಗುರೂ, ಆದ್ರೆ ಸ್ಪೀಡೇ ಇರಲಿಲ್ಲವಲ್ಲ.’ ಇರಲಿಲ್ಲ, ಗಂಟೆಗೆ 130 ಕಿಲೋಮೀಟರ್ ಆಸುಪಾಸು. ಚೆಂಡು ತಿರುಗದ ದಿನ, ಗಟ್ಟಿ ಪಿಚ್ಚಿನ ಮೇಲೆ, ಆ ವೇಗಕ್ಕೆ ಒಳ್ಳೆಯ ಬ್ಯಾಟ್ಸ್‌ಮನ್ ಹೊಡೆಯುತ್ತಾನೆ. ಇದು ನಿಜ, ಇದನ್ನು ಮುಚ್ಚಿಟ್ಟು ವಾದ ಮಾಡುವ ಅಗತ್ಯ ನನಗಿಲ್ಲ. ಅಂತರರಾಷ್ಟ್ರೀಯ ಮಟ್ಟದಲ್ಲಿ ಅವರು ಜಹೀರ್ ಖಾನ್ ಆಗುತ್ತಿದ್ದರು ಅಂತ ನಾನೆಲ್ಲೂ ಹೇಳುತ್ತಿಲ್ಲ. 31 ಏಕದಿನ ಪಂದ್ಯಗಳಲ್ಲಿ 38 ವಿಕೆಟ್, ಸಾಧಾರಣ ಲೆಕ್ಕ. 2011ರಲ್ಲಿ ದೆಹಲಿಯಲ್ಲಿ ಇಂಗ್ಲೆಂಡ್ ವಿರುದ್ಧ 30ಕ್ಕೆ 4 ತೆಗೆದಂಥ ದಿನಗಳು ಹೆಚ್ಚಿರಲಿಲ್ಲ. ಆದರೆ ‘ಭಾರತದಲ್ಲಿ ಸಾಧಾರಣ’ ಅನ್ನುವುದನ್ನು ‘ಬೌಲರೇ ಅಲ್ಲ’ ಅಂತ ಓದುವುದು ಯಾವ ಬುದ್ಧಿವಂತಿಕೆ? ಸ್ಪೀಡ್ ಗನ್ ಅಳೆಯುವುದು ಚೆಂಡಿನ ವೇಗವನ್ನು. ಹೊಸ ಚೆಂಡನ್ನು ಇಪ್ಪತ್ತು ಓವರ್ ಹಾಳಾಗದಂತೆ ಕಾಯುವುದನ್ನು, ಎರಡನೇ ಸ್ಲಿಪ್ ತೆಗೆದು ಗಲ್ಲಿಗೆ ಹಾಕುವ ಹೊತ್ತನ್ನು, ಮೂರನೇ ದಿನ ಸಂಜೆ ಬಿಸಿಲಿಗೆ ಸೋತು ನಿಂತ ಹುಡುಗನ ಕೈಯಿಂದ ಚೆಂಡು ಇಸಿದುಕೊಂಡು ತಾನೇ ಹಾಕುವುದನ್ನು ಅದು ಅಳೆಯುವುದಿಲ್ಲ. 2017ರ ಡಿಸೆಂಬರಿನಲ್ಲಿ, ನಾಗಪುರದ ಕ್ವಾರ್ಟರ್ ಫೈನಲ್ಲಿನಲ್ಲಿ, ಅದೇ ಮುಂಬೈಗೆ ಹ್ಯಾಟ್ರಿಕ್ ಸಮೇತ 34ಕ್ಕೆ 6. ಆಗ ವಯಸ್ಸು ಮೂವತ್ಮೂರು. ಸ್ಪೀಡು ಇನ್ನೂ ಕಮ್ಮಿಯಾಗಿತ್ತು.

ಈ ಕಾಯಿಲೆ ನಮ್ಮದೊಂದೇ ಅಲ್ಲ ಅಂತ ಗೊತ್ತಾದದ್ದು ಒಬ್ಬ ಅಮೆರಿಕನ್ ಸಹೋದ್ಯೋಗಿಯಿಂದ. ಸ್ಯಾನ್ ಡಿಯಾಗೋದವನು. ರಾತ್ರಿ ಕಾಲ್‌ಗಳಲ್ಲಿ ಸರ್ವರ್ ಮೇಲೇಳುವುದನ್ನು ಕಾಯುತ್ತಾ ಅವನು ಫಿಲಿಪ್ ರಿವರ್ಸ್ ಬಗ್ಗೆ ಹೇಳುತ್ತಿದ್ದ. ಅವರ ಫುಟ್‌ಬಾಲಿನಲ್ಲಿ ಕ್ವಾರ್ಟರ್‌ಬ್ಯಾಕ್ ಅಂದರೆ ಪ್ರತಿ ಸಲ ಚೆಂಡು ಮೊದಲು ಕೈಗೆ ಬರುವವನು, ಯಾರಿಗೆ ಎಸೆಯಬೇಕು ಅಂತ ಎರಡು ಮೂರು ಸೆಕೆಂಡಿನಲ್ಲಿ ತೀರ್ಮಾನ ಮಾಡುವವನು. ಗೆದ್ದರೆ ಹಾರ, ಸೋತರೆ ಚಪ್ಪಲಿ, ಎರಡೂ ಅವನಿಗೇ. ರಿವರ್ಸ್ ಕೂಡ ಶುರು ಮಾಡಿದ್ದು 2004ರಲ್ಲೇ, ನಿವೃತ್ತಿ ಘೋಷಿಸಿದ್ದು 2021ರ ಜನವರಿಯಲ್ಲಿ; ವಿನಯ್ ಹೇಳಿದ್ದು ಮರುತಿಂಗಳು. 2006ರಿಂದ ಒಂದೂ ಪಂದ್ಯ ತಪ್ಪಿಸದೆ ಸತತ 240 ಪಂದ್ಯ ಶುರುವಿನಿಂದ ಆಡಿದ. ಮಂಡಿಯ ಲಿಗಮೆಂಟ್ ಹರಿದಿದ್ದಾಗಲೂ ಸೆಮಿಫೈನಲ್ಲಿನಂಥ ಪಂದ್ಯಕ್ಕೆ ಇಳಿದ, ಸೋತ. ಸೂಪರ್ ಬೌಲ್ ಅನ್ನುವ ಅವರ ಮಹಾ ಫೈನಲ್ಲನ್ನು ಒಮ್ಮೆಯೂ ಆಡಲಾಗಲಿಲ್ಲ. ಅವನ ಜೊತೆ ಅದೇ ದಿನ ಆಯ್ಕೆಯಾಗಿ, ತಂಡ ಅದಲುಬದಲಾದ ಈಲೈ ಮ್ಯಾನಿಂಗ್‌ಗೆ ಎರಡು ಸಲ ಸಿಕ್ಕಿತು. ಅಲ್ಲಿಯೂ ಮಾತು ಶುರುವಾಗುವುದೇ ಬೆರಳಿನಲ್ಲಿ ಉಂಗುರ ಇದೆಯೋ ಇಲ್ಲವೋ ಅಂತ. ‘ಅವನಿಗೆ ಉಂಗುರ ಇಲ್ಲ ಅನ್ನೋರು ಹನ್ನೊಂದು ವರ್ಷ ಪ್ರತಿ ಭಾನುವಾರ ನಮ್ಮೂರಿಗೆ ಏನು ಸಿಕ್ಕಿತು ಅಂತ ಕೇಳೋದೇ ಇಲ್ಲ’ ಅನ್ನುತ್ತಿದ್ದ ಆ ಪುಣ್ಯಾತ್ಮ. ಪಾಪ, 2017ರಲ್ಲಿ ಅವನ ತಂಡವೇ ಊರು ಬಿಟ್ಟು ಲಾಸ್ ಏಂಜಲೀಸಿಗೆ ಹೋಯಿತು.

ನಮಗೆ ಸಿಕ್ಕಿದ್ದನ್ನು ನಾವೂ ಕೇಳಿಕೊಳ್ಳುವುದಿಲ್ಲ. ನಮ್ಮೂರಿನ ಹತ್ತಿರ ಮೈಲಾರದಲ್ಲಿ ವರ್ಷಕ್ಕೊಮ್ಮೆ ಗೊರವಯ್ಯ ಬಿಲ್ಲೇರಿ ಕಾರ್ಣಿಕ ನುಡಿಯುತ್ತಾನೆ. ಒಂದೇ ಸಾಲು. ಅದರ ಅರ್ಥ ಏನಿರಬಹುದು ಅಂತ ಜನ ವರ್ಷವಿಡೀ ಕಟ್ಟೆ ಮೇಲೆ ಕೂತು ಜಗಳಾಡುತ್ತಾರೆ, ಮಳೆ ಬೆಳೆ ರಾಜಕೀಯ ಎಲ್ಲಕ್ಕೂ ಹೊಂದಿಸಿ ನೋಡುತ್ತಾರೆ. ಟ್ವಿಟರಿನ ಕಾರ್ಣಿಕಕ್ಕೆ ಅಷ್ಟು ಪುರುಸೊತ್ತು ಎಲ್ಲಿದೆ? 2018ರ ಏಪ್ರಿಲಿನಲ್ಲಿ ಚೆನ್ನೈ ವಿರುದ್ಧ ಕೊನೆಯ ಓವರಿನಲ್ಲಿ ವಿನಯ್ 17 ರನ್ ಉಳಿಸಬೇಕಿತ್ತು, ಉಳಿಸಲಾಗಲಿಲ್ಲ. ಆ ರಾತ್ರಿ ಬಿದ್ದ ಬೈಗುಳಕ್ಕೆ ಅವರು ಸಮಾಧಾನದಿಂದಲೇ ಉತ್ತರ ಕೊಟ್ಟಿದ್ದರು: ಹಿಂದೆ ಕೊನೆಯ ಓವರಿನಲ್ಲಿ ಚಿಲ್ಲರೆ ರನ್ ಉಳಿಸಿಕೊಟ್ಟಾಗ ನೀವೆಲ್ಲ ಎಲ್ಲಿದ್ದಿರಿ ಅಂತ. ಅದಕ್ಕೂ ನಕ್ಕರು. ಐಪಿಎಲ್‌ನಲ್ಲಿ 105 ಪಂದ್ಯ, 105 ವಿಕೆಟ್. 2013ರಲ್ಲಿ ಆರ್‌ಸಿಬಿಗೇ 23 ವಿಕೆಟ್ ತೆಗೆದುಕೊಟ್ಟಿದ್ದರು. ‘ಈ ಸಲ ಕಪ್ ನಮ್ದೇ’ ಅಂತ ಗಂಟಲು ಹರಿದುಕೊಂಡವರಿಗೆ ಕಪ್ ತರದವರನ್ನೆಲ್ಲ ಕ್ಷಮಿಸುವ ಅಭ್ಯಾಸ ಇತ್ತಲ್ಲ, ಇವರೊಬ್ಬರನ್ನು ಬಿಟ್ಟು!

ಇದು ಬರೀ ಕ್ರಿಕೆಟ್ಟಿನ ಮಾತಾಗಿದ್ದರೆ ಇಷ್ಟು ಉದ್ದ ಬರೆಯುತ್ತಿರಲಿಲ್ಲ. ಹತ್ತು ವರ್ಷ ರಾತ್ರಿ ಪಾಳಿಯಲ್ಲಿ ಸಿಸ್ಟಂ ಬೀಳದಂತೆ ನೋಡಿಕೊಂಡವನ ಹೆಸರು ಯಾರಿಗೂ ಗೊತ್ತಿರುವುದಿಲ್ಲ. ಬಿದ್ದ ಒಂದು ರಾತ್ರಿ ಎಲ್ಲರಿಗೂ ಗೊತ್ತಾಗುತ್ತೆ. ಅಪ್ರೈಸಲ್ಲಿನಲ್ಲಿ ನಮ್ಮನ್ನು ಹೀಗೆ ಅಳೆದರೆ ಪ್ಯಾಂಟ್ರಿಯಲ್ಲಿ ನಿಂತು ಅರ್ಧ ಗಂಟೆ ಬೈಯುತ್ತೇವೆ. ವಾಪಸ್ ಸೀಟಿಗೆ ಬಂದು ಇನ್ನೊಬ್ಬನ ಹದಿನೇಳು ವರ್ಷಕ್ಕೆ ನಗುವ ಮುಖ ಒತ್ತುತ್ತೇವೆ.

2019ರಲ್ಲಿ ವಿನಯ್ ಪುದುಚೇರಿಗೆ ಹೋದರು. ಕರ್ನಾಟಕಕ್ಕೆ ಆರು ಕಪ್ ತಂದ ನಾಯಕ ಬೇರೆ ಜರ್ಸಿ ಹಾಕಿದ್ದು ಇಲ್ಲಿ ದೊಡ್ಡ ಸುದ್ದಿಯೇ ಆಗಲಿಲ್ಲ. ಅಲ್ಲಿ ಮೊದಲ ಋತುವಿನಲ್ಲೇ 45 ವಿಕೆಟ್. ಎದುರಾಳಿಗಳು ಪ್ಲೇಟ್ ಗುಂಪಿನ ಹೊಸ ತಂಡಗಳು, ಆ ರಿಯಾಯಿತಿ ಕೊಟ್ಟೇ ಓದಿಕೊಳ್ಳಿ. ಮೂವತ್ತೈದರ ವಯಸ್ಸಿನಲ್ಲಿ, ಇನ್ನೂ ಖಾಲಿಯಾದ ಗ್ಯಾಲರಿಗಳ ಮುಂದೆ, ಅದೇ ಆಫ್ ಸ್ಟಂಪಿನ ಆಚೆಯ ಒಂದು ಗೇಣು.

ನಿವೃತ್ತಿಯಾದ ಮೇಲೆ ಮುಂಬೈ ಇಂಡಿಯನ್ಸ್ ಅವರನ್ನು ಪ್ರತಿಭೆ ಹುಡುಕುವ ಕೆಲಸಕ್ಕೆ ತೆಗೆದುಕೊಂಡಿತು. ದುಡ್ಡು ಎಣಿಸಿ ಖರ್ಚು ಮಾಡುವ ತಂಡ ಅದು, ಸುಮ್ಮನೆ ಯಾರಿಗೂ ಸಂಬಳ ಕೊಡುವುದಿಲ್ಲ. ಅವರು ಒಮ್ಮೆ ಈ ಕಡೆಗೂ ಬಂದರೆ ಚೆನ್ನಾಗಿತ್ತು. ಮೆಕ್ಕೆಜೋಳ ಕಟಾವಾದ ಮೇಲೆ ಹೊಳಲಿನ ಹೊಲದಲ್ಲಿ ಹುಡುಗರು ಟೆನ್ನಿಸ್ ಚೆಂಡಿನಲ್ಲಿ ಆಡುತ್ತಾರೆ. ಹೋದ ಸಲ ಊರಿಗೆ ಹೋದಾಗ ಅಲ್ಲೊಬ್ಬನನ್ನು ನೋಡಿದೆ, ಹದಿನಾಲ್ಕೋ ಹದಿನೈದೋ ಇರಬೇಕು. ‘ಸ್ಪೀಡ್ ಇಲ್ರೀ ಅಣ್ಣಾ ಇವಂದು, ಆದ್ರ ಯಾರಿಗೂ ಹೊಡ್ಯಾಕ ಆಗವಲ್ದು’ ಅಂದ ಪಕ್ಕದಲ್ಲಿದ್ದ ಹುಡುಗ.