ಮಿನರ್ವ ಮಿಲ್ಸ್: ಗೆದ್ದ ತತ್ತ್ವ, ಮರಳದ ಗಿರಣಿ

ಮಿನರ್ವ ಮಿಲ್ಸ್ ಎಂದೊಡನೆ ಕಾನೂನು ಬಲ್ಲವರಿಗೆ ಸಂವಿಧಾನದ ಮೂಲಸ್ವರೂಪದ ತೀರ್ಪು ನೆನಪಾಗುತ್ತದೆ. ಅದು ಬೆಂಗಳೂರಿನ ಬಟ್ಟೆ ಗಿರಣಿಯೊಂದರ ಹೆಸರೆಂಬುದನ್ನೂ, ಆ ಗಿರಣಿ ಮಾಲೀಕರಿಗೆ ಮರಳಲೇ ಇಲ್ಲವೆಂಬುದನ್ನೂ ಉದ್ಯಮಿಗಳಾದರೂ ಮರೆಯಬಾರದು.

ಕೇಂದ್ರ ಸರ್ಕಾರವು 1951ರ ಕೈಗಾರಿಕಾ ಕಾಯ್ದೆಯನ್ವಯ 1971ರ ಅಕ್ಟೋಬರ್‌ನಲ್ಲಿ ಗಿರಣಿಯ ಆಡಳಿತವನ್ನು ವಹಿಸಿಕೊಂಡಿತು. 1974ರ ರಾಷ್ಟ್ರೀಕರಣ ಕಾಯ್ದೆಯಿಂದ ಒಡೆತನವೂ ಹೋಯಿತು. ಸುಪ್ರೀಂ ಕೋರ್ಟಿನ ರಿಟ್ ಅರ್ಜಿ 1977ರದು. ಅಷ್ಟರಲ್ಲಿ ಯಂತ್ರ, ಸಾಲ, ಕಾರ್ಮಿಕರ ಹೊಣೆ ಎಲ್ಲವೂ ಅನ್ಯರ ಕೈಯಲ್ಲಿ ನೆಲೆಗೊಂಡಿದ್ದವು. 1980ರಲ್ಲಿ 42ನೆಯ ತಿದ್ದುಪಡಿಯ ಎರಡು ಕಲಮುಗಳು ಬಿದ್ದವು. ಗಿರಣಿಯ ಪ್ರಶ್ನೆ ಮಾತ್ರ 1986ರಲ್ಲಿ ಸರ್ಕಾರದ ಪರವಾಗಿ ಇತ್ಯರ್ಥವಾಯಿತು.

ಕಾನಪುರದ ಸ್ವದೇಶಿ ಕಾಟನ್ ಮಿಲ್ಸ್ ತಡಮಾಡಲಿಲ್ಲ. 1978ರ ಏಪ್ರಿಲ್‌ನ ಆದೇಶವನ್ನು ದೆಹಲಿ ಹೈಕೋರ್ಟಿನಲ್ಲಿ ಪ್ರಶ್ನಿಸಿತು. ವಹಿಸಿಕೊಳ್ಳುವ ಮುನ್ನ ಕಂಪನಿಯ ಅಹವಾಲು ಕೇಳಬೇಕೆಂದು 1981ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಆದರೂ ಆದೇಶವನ್ನು ರದ್ದುಗೊಳಿಸದೆ, ಮುಂದೆ ಅಹವಾಲು ಕೇಳುವೆನೆಂಬ ಸರ್ಕಾರದ ಭರವಸೆಯನ್ನು ಒಪ್ಪಿತು. ಕೀಲಿಕೈ ಕಳೆದುಕೊಂಡವನಿಗೆ ಇದೆಂಥ ಸಮಾಧಾನ!

2016ರ ದಿವಾಳಿ ಸಂಹಿತೆಯ ನಂತರ ಕಂಪನಿಯ ಬಾಗಿಲಿಗೆ ಮೊದಲು ಬರುವವನು ಸರ್ಕಾರಿ ಆಡಳಿತಗಾರನಲ್ಲ, ಬಾಕಿ ಬರಬೇಕಾದವನು. ಸರಕು ಪೂರೈಸಿದವನ ಬೇಡಿಕೆ ನೋಟಿಸು ತಲುಪಿದ 10 ದಿನಗಳೊಳಗೆ ತಕರಾರನ್ನು ತಿಳಿಸಬೇಕು. ಆ ನೋಟಿಸು ಗುಮಾಸ್ತರ ಮೇಜಿನ ಮೇಲೆಯೇ ಉಳಿಯುವ ಕಾರ್ಖಾನೆಗಳು ಕಡಿಮೆಯೇನಿಲ್ಲ. ನ್ಯಾಯಮಂಡಳಿಯು ಅರ್ಜಿಯನ್ನು ಅಂಗೀಕರಿಸಿತೆಂದರೆ ನಿರ್ದೇಶಕ ಮಂಡಳಿಯ ಅಧಿಕಾರ ಅಂದೇ ಅಮಾನತು. ಮೇಲ್ಮನವಿಗೆ 30 ದಿನ, ಸಕಾರಣವಿದ್ದರೆ ಇನ್ನು 15. ಸರಕು ಕಳಪೆಯೆಂಬ ವಾದವಿದ್ದಲ್ಲಿ, ಅದನ್ನು ತೋರುವ ಪತ್ರವ್ಯವಹಾರವು ನೋಟಿಸಿಗೆ ಹಿಂದಿನ ದಿನಾಂಕದ್ದಾಗಿ ಕಡತದಲ್ಲಿರಬೇಕು.